ಎರಡು ಹೆಸರಿನ ಸಿನಿಮಾ: ಎಲ್ಮಾರ್ ಕ್ಲೋಸ್ ಅವರ ದುಡಿಮೆ



1966ರ ಏಪ್ರಿಲ್ 18ರ ರಾತ್ರಿ ಕ್ಯಾಲಿಫೋರ್ನಿಯಾದ ಸಾಂಟಾ ಮೊನಿಕಾದಲ್ಲಿ ಆಸ್ಕರ್ ಪ್ರಶಸ್ತಿ ಪ್ರದಾನ ನಡೆಯಿತು. ವಿದೇಶಿ ಭಾಷಾ ಚಿತ್ರಗಳ ವಿಭಾಗದಲ್ಲಿ ಗೆದ್ದದ್ದು ಚೆಕೊಸ್ಲೊವಾಕಿಯಾದ ಒಂದು ಚಿತ್ರ. ಇಂಗ್ಲಿಷಿನಲ್ಲಿ ಅದು ‘ದಿ ಶಾಪ್ ಆನ್ ಮೇನ್ ಸ್ಟ್ರೀಟ್’ ಎಂದು ಹೆಸರಾಗಿದೆ. ನಾನು ಇಲ್ಲಿ ‘ಪೇಟೆಬೀದಿಯ ಅಂಗಡಿ’ ಎನ್ನುತ್ತೇನೆ. ಅದನ್ನು ನಿರ್ದೇಶಿಸಿದವರು ಇಬ್ಬರು: ಯಾನ್ ಕಾದಾರ್ ಮತ್ತು ಎಲ್ಮಾರ್ ಕ್ಲೋಸ್. ಅದೇ ರಾತ್ರಿ ಕಿರು ಸಾಕ್ಷ್ಯಚಿತ್ರದ ಪ್ರಶಸ್ತಿ ‘ಟು ಬಿ ಅಲೈವ್!’ ಎಂಬ ಅಮೆರಿಕನ್ ಚಿತ್ರಕ್ಕೆ ಬಂತು. ಪ್ರಶಸ್ತಿ ನಿರ್ಮಾಪಕ ಫ್ರಾನ್ಸಿಸ್ ಥಾಂಪ್ಸನ್ ಹೆಸರಿಗೆ ಹೋಯಿತು, ಆದರೆ ಚಿತ್ರ ಮಾಡುವುದರಲ್ಲಿ ಅವರಿಗೆ ಜೊತೆಯಾಗಿದ್ದವರು ಅಲೆಕ್ಸಾಂಡರ್ ಹ್ಯಾಮಿಡ್. ಅಮೆರಿಕದ ಪ್ರಜೆಯಾಗುವ ಮೊದಲು ಈ ಹ್ಯಾಮಿಡ್ ಅವರ ಹೆಸರು ಹಕೆನ್‌ಶ್ಮೀಡ್ ಎಂದಿತ್ತು. ಕ್ಲೋಸ್ ಮತ್ತು ಹಕೆನ್‌ಶ್ಮೀಡ್ ಇಬ್ಬರೂ ಅದಕ್ಕೆ ಸುಮಾರು ಮೂವತ್ತು ವರ್ಷ ಹಿಂದೆ ಒಂದೇ ಊರಿನಲ್ಲಿ, ಒಂದೇ ಕಂಪನಿಯ ಸಂಬಳಕ್ಕೆ, ಮೋಟಾರು ಟೈರಿನ ಜಾಹೀರಾತು ಚಿತ್ರ ಮಾಡುತ್ತಿದ್ದವರು.

ಈ ಇಬ್ಬರಲ್ಲಿ ಇವತ್ತು ನಾನು ಮಾತಾಡಲು ಆರಿಸಿಕೊಂಡಿರುವುದು ಊರಲ್ಲೇ ಉಳಿದವರ ಬಗ್ಗೆ, ಅಂದರೆ ಎಲ್ಮಾರ್ ಕ್ಲೋಸ್ ಬಗ್ಗೆ. ಜಾಹೀರಾತು ಚಿತ್ರ, ಚಿತ್ರೋದ್ಯಮದ ರಾಷ್ಟ್ರೀಕರಣ, ಕಿರುಚಿತ್ರ ವಿಭಾಗದ ಆಡಳಿತ, ಕಥಾಚಿತ್ರ, ಪಾಠ, ಬರವಣಿಗೆ – ಇಷ್ಟೆಲ್ಲ ಒಂದೇ ಆಯುಸ್ಸಿನಲ್ಲಿ ಮಾಡಿದವರು. ಇಷ್ಟು ಕೆಲಸಗಳಲ್ಲಿ ಯಾವುದನ್ನೂ ಅವರು ಒಬ್ಬರೇ ಮಾಡಲಿಲ್ಲ. ಅವರ ಮುಖ್ಯ ಚಿತ್ರಗಳೆಲ್ಲದರ ಮೇಲೂ ಇನ್ನೊಂದು ಹೆಸರಿದೆ. ಸಿನಿಮಾ ಚರಿತ್ರೆ ಬರೆಯುವವರಿಗೆ ಇದು ಇಕ್ಕಟ್ಟು, ಏಕೆಂದರೆ ನಾವು ಸಿನಿಮಾವನ್ನು ಒಬ್ಬ ನಿರ್ದೇಶಕನ ಕೃತಿ ಎಂದು ಓದಲು ರೂಢಿಸಿಕೊಂಡಿದ್ದೇವೆ. ಹಾಗೆ ಓದುವುದರಿಂದ ಏನನ್ನು ಕಳೆದುಕೊಳ್ಳುತ್ತೇವೆ ಎಂಬುದನ್ನು ಈ ಒಬ್ಬ ಮನುಷ್ಯನ ದುಡಿಮೆಯನ್ನು ಹಿಡಿದು ಹೇಳಲು ಪ್ರಯತ್ನಿಸುತ್ತೇನೆ.

ಕ್ಲೋಸ್ ಹುಟ್ಟಿದ್ದು 1910ರ ಜನವರಿಯಲ್ಲಿ, ಮೊರಾವಿಯಾದ ಬ್ರ್ನೋ ನಗರದಲ್ಲಿ. ಸಿನಿಮಾದ ನಿಜವಾದ ಪಾಠ ಅವರಿಗೆ ಸಿಕ್ಕಿದ್ದು ಮಾತ್ರ ಅದೇ ಸೀಮೆಯ ಜ್ಲೀನ್ ಎಂಬ ಊರಿನಲ್ಲಿ. ಅದು ಬಾಟಾ ಶೂ ಕಂಪನಿಯ ಊರು. ಬಾಟಾ ಎಂಬ ಹೆಸರು ನಮಗೆಲ್ಲ ಶಾಲೆಯ ಕಾಲದಿಂದಲೇ ಗೊತ್ತು. ಕಲ್ಕತ್ತದ ಹತ್ತಿರ ಹೂಗ್ಲಿ ನದಿಯ ದಂಡೆಯಲ್ಲಿ ಬಾಟಾನಗರ ಎಂಬ ಊರೇ 1930ರ ದಶಕದಲ್ಲಿ ಎದ್ದಿತು. ಆ ಬಾಟಾನಗರಕ್ಕೆ ಮಾದರಿಯಾದದ್ದು ಜ್ಲೀನ್. ಕೆಂಪು ಇಟ್ಟಿಗೆ, ಕಾಂಕ್ರೀಟ್ ಕಂಬ, ಗಾಜು. ಕಂಬದಿಂದ ಕಂಬಕ್ಕೆ 6.15 ಮೀಟರ್ ಅಂತರ. ಕಾರ್ಖಾನೆ ಕಟ್ಟಡಗಳಿಗೆಲ್ಲ ಇದೇ ಅಳತೆ. ತೊಮಾಶ್ ಬಾಟಾ 1932ರಲ್ಲಿ ವಿಮಾನ ಅಪಘಾತದಲ್ಲಿ ತೀರಿಕೊಂಡ ಮೇಲೆ ಅವರ ಮಲತಮ್ಮ ಯಾನ್ ಆಂತೋನೀನ್ ಬಾಟಾ ಕಂಪನಿಯನ್ನು ಇನ್ನಷ್ಟು ಹರಡಿದರು. ಮನೆ, ಆಸ್ಪತ್ರೆ, ಶಾಲೆ, ದೊಡ್ಡ ಚಿತ್ರಮಂದಿರ ಎಲ್ಲವೂ ಕಂಪನಿಯದ್ದೇ ಆಗಿದ್ದ ಆ ಊರಿನಲ್ಲಿ 1936ರಲ್ಲಿ ಕುದ್ಲೋವ್ ಎಂಬಲ್ಲಿ ಕಂಪನಿಯದ್ದೇ ಸ್ಟುಡಿಯೊ ಕೂಡ ತಲೆಯೆತ್ತಿತು.

ಶೂ ಕಂಪನಿಗೆ ಸ್ಟುಡಿಯೊ ಯಾಕೆ ಎಂದರೆ, ಜಾಹೀರಾತಿಗೆ, ಕೆಲಸಗಾರರ ತರಬೇತಿಗೆ, ಶಾಲೆಯ ಪಾಠಗಳಿಗೆ. ಅಲ್ಲಿ ಸೇರಿದವರು ಹುಡುಗರು: ಲಾದಿಸ್ಲಾವ್ ಕೊಲ್ದಾ, ಕ್ಲೋಸ್, ಹಕೆನ್‌ಶ್ಮೀಡ್ ಮತ್ತು ಇನ್ನು ಕೆಲವರು. ಹಕೆನ್‌ಶ್ಮೀಡ್ ಆ ಹೊತ್ತಿಗಾಗಲೇ ಪ್ರಯೋಗಶೀಲ ಸಿನಿಮಾದಲ್ಲಿ ಹೆಸರು ಮಾಡಿದ್ದವರು. 1930ರಲ್ಲಿ ‘ಗೊತ್ತುಗುರಿಯಿಲ್ಲದ ನಡಿಗೆ’ ಎಂಬ ಚಿಕ್ಕ ಚಿತ್ರ ಮಾಡಿದ್ದರು. ಒಬ್ಬ ಯುವಕ ಟ್ರಾಮ್ ಹತ್ತಿ ಪ್ರಾಗ್ ನಗರದ ಅಂಚಿಗೆ ಹೋಗಿ ಅಲೆದಾಡುತ್ತಾನೆ. ಕೊನೆಗೆ ಅವನೇ ಇಬ್ಬರಾಗಿ, ಒಬ್ಬ ಅಲ್ಲೇ ಉಳಿದು ಇನ್ನೊಬ್ಬ ಹೊರಟುಹೋಗುತ್ತಾನೆ. ಇಂಥ ಚಿತ್ರ ಮಾಡಿದವರಿಗೆ ಟೈರಿನ ಜಾಹೀರಾತಿನ ಕೆಲಸ ಬಂದಾಗ ಅವರು ಅದನ್ನು ಹೊಟ್ಟೆಪಾಡಿನ ಕೆಲಸವೆಂದು ಕೈತೊಳೆದುಕೊಳ್ಳಲಿಲ್ಲ. ಕ್ಲೋಸ್ ಮತ್ತು ಸಂಗಾತಿಗಳ ಜೊತೆ ಸೇರಿ 1937ರಲ್ಲಿ ‘ರಸ್ತೆ ಹಾಡುತ್ತದೆ’ ಎಂಬ ಚಿತ್ರ ತಯಾರಿಸಿದರು. ಅದರ ಉದ್ದ ಕೆಲವೇ ನಿಮಿಷ. ಓಡುವ ಗಾಡಿಯ ಚಕ್ರದ ಪಕ್ಕದಿಂದ ಲೋಕವನ್ನು ನೋಡುವ ಕ್ಯಾಮೆರಾ, ಓಟಕ್ಕೆ ತಕ್ಕ ಲಯದ ಸಂಕಲನ, ರಸ್ತೆಯೇ ಬಾಯಿಬಿಟ್ಟು ಹಾಡಿದಂಥ ಶಬ್ದ. ಅದೇ ವರ್ಷದ ಪ್ಯಾರಿಸ್ ವಿಶ್ವ ವಸ್ತುಪ್ರದರ್ಶನದಲ್ಲಿ ಅದಕ್ಕೆ ಬಹುಮಾನ ಬಂತು.

ಜ್ಲೀನ್‌ನ ಆ ವರ್ಷಗಳು ಕ್ಲೋಸ್ ಬದುಕಿನ ಪೀಠಿಕೆ ಮಾತ್ರ ಎಂದು ನನಗೆ ಅನ್ನಿಸುವುದಿಲ್ಲ. ಸಿನಿಮಾ ಎಂದರೆ ಹಲವು ಕೈಗಳು ಸೇರಿ ಮಾಡುವ ಕೆಲಸ, ಅದಕ್ಕೆ ಸ್ಟುಡಿಯೊ ಬೇಕು, ಲ್ಯಾಬ್ ಬೇಕು, ತಿಂಗಳ ಸಂಬಳ ಬೇಕು, ಸೋತರೂ ನಾಳೆ ಮತ್ತೆ ಪ್ರಯತ್ನಿಸಲು ಅವಕಾಶ ಬೇಕು – ಈ ನಂಬಿಕೆ ಅವರಿಗೆ ಬಂದದ್ದು ಅಲ್ಲಿ. ಪ್ರಾಗ್‌ನಲ್ಲಿ ಚಿತ್ರ ಮಾಡುವವರು ಪ್ರತಿ ಚಿತ್ರಕ್ಕೂ ಹಣ ಹಾಕುವವರನ್ನು ಹುಡುಕಬೇಕಿತ್ತು. ಜ್ಲೀನ್‌ನಲ್ಲಿ ಆ ತಾಪತ್ರಯ ಇರಲಿಲ್ಲ. ಅಲ್ಲಿ ಯಜಮಾನ ಒಬ್ಬನೇ, ಅವನ ಬೇಡಿಕೆಯೂ ಸ್ಪಷ್ಟ. ಹಾಗಾದರೆ ಆ ಯಜಮಾನ ಒಬ್ಬ ಉದ್ಯಮಿಯ ಬದಲು ಇಡೀ ದೇಶವೇ ಆದರೆ? ಮುಂದಿನ ಕಥೆ ಈ ಪ್ರಶ್ನೆಯಿಂದ ಹುಟ್ಟಿದ್ದು.

ಅಷ್ಟರಲ್ಲಿ ಯುದ್ಧ ಬಂತು. 1939ರ ಮಾರ್ಚಿನಲ್ಲಿ ಜರ್ಮನ್ ಸೇನೆ ಪ್ರಾಗ್‌ಗೆ ನುಗ್ಗಿತು. ಹಕೆನ್‌ಶ್ಮೀಡ್ ದೇಶ ಬಿಟ್ಟು ಅಮೆರಿಕ ಸೇರಿ, 1943ರಲ್ಲಿ ಪತ್ನಿ ಮಾಯಾ ಡೆರೆನ್ ಜೊತೆ ‘ಮೆಷಸ್ ಆಫ್ ದಿ ಆಫ್ಟರ್‌ನೂನ್’ ಮಾಡಿದರು. ಪ್ರಯೋಗಶೀಲ ಸಿನಿಮಾದ ಯಾವ ಪಾಠವೂ ಇವತ್ತು ಆ ಚಿತ್ರವನ್ನು ಬಿಟ್ಟು ಮುಂದೆ ಹೋಗುವುದಿಲ್ಲ. ಕ್ಲೋಸ್ ಇದ್ದಲ್ಲೇ ಉಳಿದರು. ಜರ್ಮನರು ಪ್ರಾಗ್‌ನ ಬರಾಂಡೋವ್ ಸ್ಟುಡಿಯೊವನ್ನು ವಶಕ್ಕೆ ತೆಗೆದುಕೊಂಡಿದ್ದ ಆ ದಿನಗಳಲ್ಲಿ, ಯುದ್ಧ ಮುಗಿದ ಮೇಲೆ ಚೆಕ್ ಸಿನಿಮಾ ಹೇಗಿರಬೇಕು ಎಂದು ಗುಟ್ಟಾಗಿ ಯೋಚಿಸುತ್ತಿದ್ದ ಗುಂಪುಗಳಿದ್ದವು. ಲೇಖಕ ವ್ಲಾದಿಸ್ಲಾವ್ ವಾಂಚುರಾ ಈ ಯೋಚನೆಯ ಮುಂಚೂಣಿಯಲ್ಲಿದ್ದರು. 1942ರ ಜೂನ್ ಒಂದರಂದು ನಾಜಿಗಳು ಅವರನ್ನು ಗುಂಡಿಕ್ಕಿ ಕೊಂದರು. ಉಳಿದವರು ಯೋಜನೆಯನ್ನು ಕೈಬಿಡಲಿಲ್ಲ. ಕ್ಲೋಸ್ ಆ ಉಳಿದವರಲ್ಲಿ ಒಬ್ಬರು.

1945ರ ಆಗಸ್ಟ್ 11ರಂದು ಅಧ್ಯಕ್ಷ ಎಡ್ವರ್ಡ್ ಬೆನೆಶ್ ಸಹಿ ಮಾಡಿದ ಆಜ್ಞೆಯಿಂದ ಚೆಕೊಸ್ಲೊವಾಕಿಯಾದ ಚಿತ್ರೋದ್ಯಮ ರಾಷ್ಟ್ರದ ಆಸ್ತಿಯಾಯಿತು. ಗಣಿ, ಬ್ಯಾಂಕು, ದೊಡ್ಡ ಕಾರ್ಖಾನೆಗಳ ಸರದಿ ಬಂದದ್ದು ಅದೇ ವರ್ಷದ ಅಕ್ಟೋಬರಿನಲ್ಲಿ. ಸಿನಿಮಾ ಅವೆಲ್ಲಕ್ಕಿಂತ ಮೊದಲು. ಈ ತಾರೀಖನ್ನು ನಾನು ಒತ್ತಿ ಹೇಳುವುದಕ್ಕೆ ಕಾರಣವಿದೆ. ಕಮ್ಯುನಿಸ್ಟರು ಅಧಿಕಾರವನ್ನು ಪೂರ್ತಿ ಕೈಗೆ ತೆಗೆದುಕೊಂಡದ್ದು 1948ರ ಫೆಬ್ರವರಿಯಲ್ಲಿ. ಅಂದರೆ ಚೆಕ್ ಸಿನಿಮಾದ ರಾಷ್ಟ್ರೀಕರಣ ಮೇಲಿನಿಂದ ಹೇರಿದ್ದಲ್ಲ. ಸಿನಿಮಾ ಮಾಡುವವರೇ ಬಯಸಿ, ರೂಪಿಸಿ, ಕೇಳಿ ಪಡೆದದ್ದು. ಲಾಭಕ್ಕಾಗಿ ಅಗ್ಗದ ಚಿತ್ರ ಮಾಡಿಸುವ ಹಣವಂತರಿಂದ ಬಿಡುಗಡೆ ಬೇಕು ಎಂದು ಅವರು ಪ್ರಾಮಾಣಿಕವಾಗಿ ನಂಬಿದ್ದರು. ಮುಂದಿನ ವರ್ಷ ಸಿನಿಮಾ ಕಲಿಸುವ ಫಾಮು ಶಾಲೆ ಪ್ರಾಗ್‌ನಲ್ಲಿ ಶುರುವಾಯಿತು. ಕಿರುಚಿತ್ರ, ಸಾಕ್ಷ್ಯಚಿತ್ರ, ಬೊಂಬೆಚಿತ್ರಗಳಿಗೆ ಪ್ರತ್ಯೇಕ ವ್ಯವಸ್ಥೆ ಬಂತು. ಕಿರುಚಿತ್ರಗಳ ಆಡಳಿತದ ಹೊಣೆ ಕ್ಲೋಸ್ ಹೆಗಲಿಗೆ ಬಿತ್ತು. 1960ರ ದಶಕದಲ್ಲಿ ಫೋರ್ಮನ್, ಖಿತಿಲೊವಾ, ಮೆಂಜೆಲ್ ಮುಂತಾದವರು ಮಾಡಿದ ಚಿತ್ರಗಳನ್ನು ನಾವು ಮೆಚ್ಚುತ್ತೇವೆ. ಅಂಥ ಚಿತ್ರಗಳಿಗೆ ಮಾರುಕಟ್ಟೆಯ ಒತ್ತಡವಿಲ್ಲದೆ ಹಣ ಕೊಟ್ಟದ್ದು ಈ ವ್ಯವಸ್ಥೆಯೇ. ಹಾಗೆಯೇ ಆ ಚಿತ್ರಗಳನ್ನು ಕಪಾಟಿಗೆ ಹಾಕಿ ಬೀಗ ಜಡಿದದ್ದೂ ಇದೇ ವ್ಯವಸ್ಥೆ. ಸ್ಟುಡಿಯೊ, ಹಂಚಿಕೆ, ಚಿತ್ರಮಂದಿರ ಎಲ್ಲವೂ ಒಂದೇ ಕೈಯಲ್ಲಿದ್ದಾಗ ಆ ಕೈ ಬೇಡವೆಂದರೆ ಮತ್ತೆ ಹೋಗಲು ಬೇರೆ ಬಾಗಿಲಿಲ್ಲ. ಕ್ಲೋಸ್ ತಾನು ಕಟ್ಟಲು ನೆರವಾದ ಮನೆಯಿಂದಲೇ ಎರಡು ಸಲ ಹೊರಗೆ ನಿಲ್ಲಬೇಕಾಯಿತು. ಇದಕ್ಕಾಗಿ ಅವರನ್ನು ತಪ್ಪಿತಸ್ಥರ ಸ್ಥಾನದಲ್ಲಿ ನಿಲ್ಲಿಸುವುದು ಸುಲಭ. ನಾನು ಹಾಗೆ ಮಾಡಲಾರೆ. 1945ರಲ್ಲಿ ಅವರ ಕಣ್ಣೆದುರು ಇದ್ದದ್ದು ಆರು ವರ್ಷಗಳ ಆಕ್ರಮಣ. ಅದಕ್ಕೆ ಮೊದಲಿನ ಕಾಲದಿಂದ ಅವರಿಗೆ ನೆನಪಿದ್ದದ್ದು ವ್ಯಾಪಾರದ ಸಿನಿಮಾ.

ಯಾನ್ ಕಾದಾರ್ ಈ ಕಥೆಗೆ ಬರುವುದು 1950ರ ದಶಕದ ಆರಂಭದಲ್ಲಿ. 1918ರಲ್ಲಿ ಬುಡಾಪೆಸ್ಟ್‌ನಲ್ಲಿ ಹುಟ್ಟಿ ಸ್ಲೊವಾಕಿಯಾದಲ್ಲಿ ಬೆಳೆದ ಯಹೂದಿ. ಯುದ್ಧಕಾಲವನ್ನು ಬಲವಂತದ ದುಡಿಮೆಯ ಶಿಬಿರದಲ್ಲಿ ಕಳೆದು ಬದುಕುಳಿದವರು. ತಂದೆ, ತಾಯಿ, ತಂಗಿ ಆಶ್ವಿಟ್ಜ್‌ನಲ್ಲಿ ಸತ್ತಿದ್ದರು. ಕ್ಲೋಸ್ ಕಾದಾರ್ ಅವರಿಗಿಂತ ಎಂಟು ವರ್ಷ ದೊಡ್ಡವರು, ಸೌಮ್ಯ ಸ್ವಭಾವದ ಮೊರಾವಿಯಾದವರು. ಚಿತ್ರಕಥೆಯ ಕಟ್ಟಡ, ಸಿದ್ಧತೆ, ಸಂಕಲನದ ಕಡೆ ಕ್ಲೋಸ್ ಒಲವು ಹೆಚ್ಚು. ಸೆಟ್ಟಿನಲ್ಲಿ ನಟರ ಜೊತೆ ನಿಲ್ಲುವವರು ಹೆಚ್ಚಾಗಿ ಕಾದಾರ್. ಆದರೆ ಚಿತ್ರ ತೆರೆಗೆ ಬಂದ ಮೇಲೆ ಯಾವುದು ಯಾರದ್ದು ಎಂದು ಬಿಡಿಸಿ ಹೇಳಲು ಸಾಧ್ಯವಿಲ್ಲದಂತೆ ಅವರು ಕೆಲಸ ಮಾಡಿದರು.

ಅವರ ಮೊದಲ ಜಂಟಿ ಚಿತ್ರ ‘ಅಪಹರಣ’, 1952ರದ್ದು. 1950ರ ಮಾರ್ಚಿನಲ್ಲಿ ಮೂರು ಚೆಕೊಸ್ಲೊವಾಕ್ ಪ್ರಯಾಣಿಕ ವಿಮಾನಗಳನ್ನು ಮ್ಯೂನಿಕ್ ಬಳಿಯ ಅಮೆರಿಕನ್ ವಾಯುನೆಲೆಗೆ ತಿರುಗಿಸಿದ ನಿಜ ಘಟನೆ ಅದರ ವಸ್ತು. ಶೀತಲ ಸಮರದ ಪ್ರಚಾರ ಚಿತ್ರ ಎಂಬುದರಲ್ಲಿ ಅನುಮಾನವಿಲ್ಲ, ಅದನ್ನು ಇವತ್ತು ಸಮರ್ಥಿಸಲು ನನಗೆ ಮನಸ್ಸಿಲ್ಲ. ಗಮನಿಸಬೇಕಾದದ್ದು ಏನೆಂದರೆ, ಅಂಥ ಚಿತ್ರವೂ ಅಧಿಕಾರಿಗಳಿಗೆ ಸಾಲಲಿಲ್ಲ. ಬೂರ್ಜ್ವಾ ಧೋರಣೆ ಎಂಬ ಆಪಾದನೆ ಬಂತು; ಸೋವಿಯತ್ ನಿರ್ದೇಶಕ ಪುದೋವ್ಕಿನ್ ಮೆಚ್ಚಿಕೊಂಡದ್ದರಿಂದ ಬಚಾವಾದರು. ಆಮೇಲೆ ‘ಮಂಗಳ ಗ್ರಹದ ಸಂಗೀತ’ ಎಂಬ ಹಾಸ್ಯಚಿತ್ರ ಬಂತು. 1957ರ ‘ಕೊನೆಯ ನಿಲ್ದಾಣದಲ್ಲಿ’ ಚಿತ್ರಕ್ಕೆ ಬರುವ ಹೊತ್ತಿಗೆ ಅವರ ದನಿ ಬದಲಾಗಿತ್ತು. ಟ್ರಾಮ್ ಮಾರ್ಗ ಮುಗಿಯುವಲ್ಲಿ ಒಂದು ವಠಾರ, ಅಲ್ಲಿನ ಸಾಮಾನ್ಯರ ಸಣ್ಣ ಸಣ್ಣ ಸಂಕಟಗಳು. ಭಾಷಣ ಇಲ್ಲ, ಆದರ್ಶ ಕಾರ್ಮಿಕ ಇಲ್ಲ.

ನಿಜವಾದ ಪೆಟ್ಟು ಬಿದ್ದದ್ದು ‘ಮೂರು ವರ’ ಚಿತ್ರಕ್ಕೆ. ವ್ರತಿಸ್ಲಾವ್ ಬ್ಲಾಜೆಕ್ ಅವರ ನಾಟಕವನ್ನು ಆಧರಿಸಿ 1958ರಲ್ಲಿ ಮಾಡಿದ್ದು. ಟ್ರಾಮಿನಲ್ಲಿ ಒಬ್ಬ ಮುದುಕನಿಗೆ ಒಳ್ಳೆಯದು ಮಾಡಿದ ಯುವಕನಿಗೆ ಮೂರು ವರ ಸಿಗುತ್ತದೆ, ಬದುಕು ಹಸನಾಗುತ್ತದೆ. ಅಷ್ಟರಲ್ಲಿ ಅವನ ಗೆಳೆಯ ನಿಜ ಮಾತಾಡಿ ಕೆಲಸ ಕಳೆದುಕೊಳ್ಳುತ್ತಾನೆ. ಗೆಳೆಯನನ್ನು ಎತ್ತಿ ಹಿಡಿಯಬೇಕೆಂದರೆ ತಾನು ಪಡೆದುಕೊಂಡ ಸುಖ ಕೈಜಾರುತ್ತದೆ. ಈ ಒಂದು ಪ್ರಶ್ನೆಗೆ ಇಡೀ ಆಡಳಿತ ಉರಿದುಬಿದ್ದಿತು. 1959ರ ಫೆಬ್ರವರಿಯಲ್ಲಿ ಬಾನ್ಸ್ಕಾ ಬಿಸ್ತ್ರಿತ್ಸಾದಲ್ಲಿ ನಡೆದ ಚಿತ್ರೋತ್ಸವದಲ್ಲಿ ಚಿತ್ರವನ್ನು ಬಹಿರಂಗವಾಗಿ ಖಂಡಿಸಿದರು, ಅದರ ಪ್ರದರ್ಶನಕ್ಕೆ ತಡೆ ಬಿತ್ತು, ಇಬ್ಬರನ್ನೂ ಎರಡು ವರ್ಷ ಕಥಾಚಿತ್ರಗಳಿಂದ ದೂರ ಇಟ್ಟರು. ಚಿತ್ರ ಜನರಿಗೆ ಕಂಡದ್ದು 1963ರಲ್ಲಿ. ಪ್ರಶ್ನೆ ಹೇಳಿಕೊಳ್ಳುವಂಥ ರಾಜಕೀಯದ್ದಲ್ಲ. ನೆರೆಯವನಿಗಾಗಿ ನಾನು ಎಷ್ಟು ಕಳೆದುಕೊಳ್ಳಲು ಸಿದ್ಧ ಎಂಬುದಷ್ಟೇ. ಈ ಪ್ರಶ್ನೆಯನ್ನು ಅವರು ಮುಂದೆಂದೂ ಕೈಬಿಡಲಿಲ್ಲ. ‘ಸಾವಿನ ಹೆಸರು ಎಂಗೆಲ್ಖೆನ್’ ಚಿತ್ರದಲ್ಲಿ, ತಮಗೆ ಅನ್ನ ಕೊಟ್ಟ ಹಳ್ಳಿಯನ್ನು ನಾಜಿಗಳ ಬೆಂಕಿಗೆ ಬಿಟ್ಟು ಹಿಂದೆ ಸರಿದ ಗೆರಿಲ್ಲಾ ಹೋರಾಟಗಾರರು ಅದನ್ನು ಎದುರಿಸುತ್ತಾರೆ. 1964ರ ‘ಆರೋಪಿ’ಯಲ್ಲಿ ಪ್ರಶ್ನೆ ನ್ಯಾಯಾಲಯಕ್ಕೆ ಬರುತ್ತದೆ, ಆ ಚಿತ್ರ ಕಾರ್ಲೊವಿ ವಾರಿ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಡೆಯಿತು.

ಈಗ ‘ಪೇಟೆಬೀದಿಯ ಅಂಗಡಿ’ಗೆ ಬರೋಣ. ಕಥೆ ಲಾದಿಸ್ಲಾವ್ ಗ್ರೋಸ್ಮನ್ ಅವರದ್ದು. 1942, ಹಿಟ್ಲರನ ಆಶ್ರಯದಲ್ಲಿದ್ದ ಸ್ಲೊವಾಕ್ ರಾಜ್ಯದ ಒಂದು ಪುಟ್ಟ ಪಟ್ಟಣ. ಚಿತ್ರೀಕರಣ ನಡೆದದ್ದು ಪೂರ್ವ ಸ್ಲೊವಾಕಿಯಾದ ಸಬಿನೋವ್‌ನಲ್ಲಿ. ಟೋನೊ ಬ್ರತ್ಕೊ ಎಂಬ ಬಡಗಿ, ಯಾರ ತಂಟೆಗೂ ಹೋಗದವನು. ಅವನ ಷಡ್ಡಕ ಊರಿನ ಫ್ಯಾಸಿಸ್ಟ್ ಪುಢಾರಿ. ಒಂದು ರಾತ್ರಿ ಅವನು ಟೋನೊಗೆ ಒಂದು ಕಾಗದ ತಂದುಕೊಡುತ್ತಾನೆ: ಪೇಟೆಬೀದಿಯ ಯಹೂದಿ ವಿಧವೆ ರೊಜಾಲಿಯಾ ಲೌತ್ಮನೊವಾಳ ಅಂಗಡಿಗೆ ಇನ್ನು ಮುಂದೆ ಟೋನೊ ‘ಆರ್ಯ’ ಮೇಲ್ವಿಚಾರಕ. ಹೆಂಡತಿಗೆ ಹಿಗ್ಗೋ ಹಿಗ್ಗು. ಟೋನೊ ಅಂಗಡಿಗೆ ಹೋಗುತ್ತಾನೆ. ಮುದುಕಿಗೆ ಕಿವಿ ಕೇಳದು, ಹೊರಗೆ ಏನಾಗುತ್ತಿದೆ ಎಂಬುದೂ ಗೊತ್ತಿಲ್ಲ; ಅವನು ಕೆಲಸ ಕೇಳಿ ಬಂದ ಸಹಾಯಕ ಎಂದುಕೊಳ್ಳುತ್ತಾಳೆ. ಅಂಗಡಿಯಲ್ಲಿ ಇರುವುದು ಗುಂಡಿ, ದಾರ, ಲೇಸು. ಅದೂ ಎಷ್ಟೋ ಡಬ್ಬಿಗಳು ಖಾಲಿ. ಮುದುಕಿ ಬದುಕುತ್ತಿರುವುದು ಯಹೂದಿ ಸಮುದಾಯದವರು ಒಟ್ಟುಮಾಡಿ ಕೊಡುವ ಹಣದಿಂದ. ಟೋನೊ ಬಾಯಿ ಮುಚ್ಚಿಕೊಂಡು ಅಲ್ಲಿ ಇರಲಿ ಎಂದು ಅವನಿಗೂ ಅವರೇ ಸಂಬಳ ಗೊತ್ತುಮಾಡುತ್ತಾರೆ.

ಈ ಖಾಲಿ ಡಬ್ಬಿಗಳ ಬಗ್ಗೆ ಸ್ವಲ್ಪ ನಿಲ್ಲಬೇಕು. ಹತ್ಯಾಕಾಂಡದ ಚಿತ್ರಗಳೆಂದರೆ ರೈಲು, ಮುಳ್ಳುತಂತಿ, ಹೊಗೆಗೊಳವೆ ನಮ್ಮ ಕಣ್ಣಿಗೆ ಬರುತ್ತವೆ. ಇಲ್ಲಿ ಅವು ಒಂದೂ ಇಲ್ಲ. ಲೂಟಿ ಮಾಡಲು ಕೊಟ್ಟ ಅಂಗಡಿಯಲ್ಲಿ ಲೂಟಿಗೆ ಏನೂ ಇಲ್ಲ. ದೊಡ್ಡ ಅನ್ಯಾಯಕ್ಕೆ ಸಣ್ಣವರನ್ನು ಸೇರಿಸಿಕೊಳ್ಳಲು ದೊಡ್ಡ ಲಂಚವೇನೂ ಬೇಕಿಲ್ಲ, ಸರ್ಕಾರದ ಮೊಹರಿರುವ ಒಂದು ಕಾಗದ ಸಾಕು ಎಂಬುದನ್ನು ಇಷ್ಟು ಸ್ಪಷ್ಟವಾಗಿ ತೋರಿಸಿದ ಇನ್ನೊಂದು ಚಿತ್ರವನ್ನು ನಾನು ನೋಡಿಲ್ಲ. ಚಿತ್ರದ ಮೊದಲರ್ಧ ನಗಿಸುತ್ತದೆ. ಯೋಜೆಫ್ ಕ್ರೋನೆರ್ ಅವರ ಟೋನೊ ಮತ್ತು ಪೋಲೆಂಡಿನ ಯಿಡ್ಡಿಷ್ ರಂಗಭೂಮಿಯ ದೊಡ್ಡ ನಟಿ ಇಡಾ ಕಮಿನ್ಸ್ಕಾ ಅವರ ಮುದುಕಿ ಒಬ್ಬರ ಮಾತು ಒಬ್ಬರಿಗೆ ತಿಳಿಯದೆಯೇ ತಾಯಿ ಮಗನಂತಾಗುತ್ತಾರೆ. ಅವನು ಅವಳ ಹಳೆಯ ಪೀಠೋಪಕರಣ ರಿಪೇರಿ ಮಾಡುತ್ತಾನೆ. ಅವಳು ಅವನಿಗೆ ತೀರಿಕೊಂಡ ಗಂಡನ ಕೋಟು ತೊಡಿಸುತ್ತಾಳೆ. ಊರ ಚೌಕದಲ್ಲಿ ಫ್ಯಾಸಿಸ್ಟರು ಮರದ ಗೋಪುರ ಎಬ್ಬಿಸುತ್ತಿರುತ್ತಾರೆ, ದಿನದಿನಕ್ಕೆ ಅದು ಎತ್ತರವಾಗುತ್ತದೆ.

ಕೊನೆಗೆ ಊರಿನ ಯಹೂದಿಗಳನ್ನೆಲ್ಲ ಚೌಕಕ್ಕೆ ಕರೆಯುವ ದಿನ ಬರುತ್ತದೆ. ಅಂಗಡಿಯ ಕಿಟಕಿಯಿಂದ ಚೌಕ ಕಾಣುತ್ತದೆ. ಟೋನೊ ಕುಡಿದಿದ್ದಾನೆ. ಅವಳನ್ನು ಬಚ್ಚಿಡಲೇ, ಒಪ್ಪಿಸಲೇ? ಬಚ್ಚಿಟ್ಟರೆ ತನ್ನ ತಲೆ ಹೋಗುತ್ತದೆ. ಒಂದು ಕ್ಷಣ ಬೇಡಿಕೊಳ್ಳುತ್ತಾನೆ, ಇನ್ನೊಂದು ಕ್ಷಣ ಹೊರಗೆ ಹೋಗೆಂದು ಕಿರುಚುತ್ತಾನೆ. ಏನಾಗುತ್ತಿದೆ ಎಂದು ಮುದುಕಿಗೆ ಅರ್ಥವಾಗುವ ಹೊತ್ತಿಗೆ ತಡವಾಗಿರುತ್ತದೆ. ಗಾಬರಿಯಲ್ಲಿ ಅವನು ಅವಳನ್ನು ಒಳಗೆ ದೂಡಿ ಬಾಗಿಲು ಹಾಕುತ್ತಾನೆ. ಆ ದೂಡುವಿಕೆಯಲ್ಲಿ ಅವಳು ಸಾಯುತ್ತಾಳೆ. ಅವನು ನೇಣು ಹಾಕಿಕೊಳ್ಳುತ್ತಾನೆ. ಈ ಭಾಗವನ್ನು ನಿರ್ದೇಶಕರು ಅವಸರವಿಲ್ಲದೆ, ಒಂದೇ ಕೋಣೆಯೊಳಗೆ, ನೋಡುವವರಿಗೆ ತಪ್ಪಿಸಿಕೊಳ್ಳಲು ಜಾಗ ಬಿಡದೆ ಚಿತ್ರಿಸಿದ್ದಾರೆ. ಟೋನೊ ಕೆಟ್ಟವನಲ್ಲ. ಹಾಗಿದ್ದೂ ಕೊಂದದ್ದು ಅವನೇ.

ನನ್ನ ಓದಿನ ಪ್ರಕಾರ ಈ ಚಿತ್ರಕ್ಕೆ ಇಬ್ಬರೂ ಬೇಕಿತ್ತು. ತನ್ನ ಮನೆಯವರನ್ನೇ ಕಳೆದುಕೊಂಡ ಕಾದಾರ್ ಒಬ್ಬರೇ ಮಾಡಿದ್ದರೆ ಅದು ಮುದುಕಿಯ ಕಥೆಯಾಗಬಹುದಿತ್ತು. ಪಕ್ಕದ ಮನೆಯವನಾಗಿ ಆ ಕಾಲವನ್ನು ಕಂಡ ಕ್ಲೋಸ್ ಜೊತೆಗಿದ್ದದ್ದರಿಂದ ಅದು ಟೋನೊನ ಕಥೆಯಾಯಿತು, ಮತ್ತು ಟೋನೊನ ಮೇಲೆ ಅದಕ್ಕೆ ದ್ವೇಷವಿಲ್ಲ, ಕ್ಷಮೆಯೂ ಇಲ್ಲ. ಇದನ್ನು ದಾಖಲೆ ತೋರಿಸಿ ಸಾಧಿಸಲಾರೆ. ಹದಿನೇಳು ವರ್ಷ ಒಟ್ಟಿಗೆ ದುಡಿದ ಇಬ್ಬರ ಎಲ್ಲ ಚಿತ್ರಗಳನ್ನು ಪಕ್ಕಪಕ್ಕ ಇಟ್ಟು ನೋಡಿದರೆ ನನಗೆ ಕಾಣುವುದು ಹೀಗೆ.

1968ರ ಬೇಸಿಗೆಯಲ್ಲಿ ಇಬ್ಬರೂ ಹಂಗೆರಿಯ ಲಾಯೋಶ್ ಜಿಲಾಹಿ ಅವರ ಕಾದಂಬರಿಯನ್ನು ಆಧರಿಸಿದ ‘ಅನಾದಾ ಎಂಬ ಹಂಬಲ’ದ ಚಿತ್ರೀಕರಣದಲ್ಲಿದ್ದರು. ಆಗಸ್ಟ್ 21ರಂದು ವಾರ್ಸಾ ಒಪ್ಪಂದದ ಸೇನೆಗಳು ದೇಶವನ್ನು ಆಕ್ರಮಿಸಿದವು, ಕೆಲಸ ನಿಂತಿತು. ಕಾದಾರ್ ಅಮೆರಿಕಕ್ಕೆ ಹೋದರು; ಈ ಚಿತ್ರವನ್ನು ಮುಗಿಸಿಕೊಡಲು ಮರಳಿ ಬಂದರು, ಮತ್ತೆ ಹೋದರು. ಮುಂದೆ ಕೆನಡಾದಲ್ಲಿ ‘ಲೈಸ್ ಮೈ ಫಾದರ್ ಟೋಲ್ಡ್ ಮಿ’ಯಂಥ ಒಳ್ಳೆಯ ಚಿತ್ರ ಮಾಡಿ 1979ರಲ್ಲಿ ಲಾಸ್ ಏಂಜಲೀಸ್‌ನಲ್ಲಿ ತೀರಿಕೊಂಡರು. ಕ್ಲೋಸ್ ಈ ಸಲವೂ ಊರಲ್ಲೇ ಉಳಿದರು. ಕಮ್ಯುನಿಸ್ಟ್ ಪಕ್ಷದಿಂದ ಹೊರಗಾದರು, ಚಿತ್ರ ಮಾಡುವ ಅವಕಾ‌ಶ ಹೋಯಿತು, ಫಾಮುವಿನ ಪಾಠವೂ ತಪ್ಪಿತು. ಆಗ ಅವರಿಗೆ ಅರವತ್ತು ದಾಟಿತ್ತಷ್ಟೆ.

ಪಾಠದ ಬಗ್ಗೆ ಹೇಳದಿದ್ದರೆ ಈ ಚಿತ್ರಣ ಅರ್ಧವಾಗುತ್ತದೆ. 1960ರ ದಶಕದ ಕೊನೆಯಲ್ಲಿ ಯುಗೊಸ್ಲಾವಿಯಾದಿಂದ ಫಾಮುವಿಗೆ ಹುಡುಗರ ಒಂದು ತಂಡ ಬಂತು. ಮುಂದೆ ತಮ್ಮ ದೇಶದ ಸಿನಿಮಾವನ್ನು ಬದಲಿಸಿದ ಇವರನ್ನು ‘ಪ್ರಾಗ್ ಶಾಲೆ’ಯವರು ಎಂದೇ ಕರೆಯುತ್ತಾರೆ. ಅವರಲ್ಲಿ ರಾಯ್ಕೊ ಗ್ರ್ಲಿಚ್ ಮತ್ತು ಲೋರ್ದಾನ್ ಜಫ್ರಾನೊವಿಚ್ ಕ್ಲೋಸ್ ಅವರ ತರಗತಿಯವರು. ಜಫ್ರಾನೊವಿಚ್ ಅವರ ‘ಆಕ್ರಮಣದ ಇಪ್ಪತ್ತಾರು ಚಿತ್ರಗಳು’ (1978) ನೋಡಿ: ಮೂವರು ಗೆಳೆಯರು, ಬೇಸಿಗೆಯ ದುಬ್ರೊವ್ನಿಕ್, ನಗುವಿನಿಂದ ಶುರುವಾಗಿ ನೆರೆಯವರೇ ನೆರೆಯವರನ್ನು ಕೊಲ್ಲುವಲ್ಲಿಗೆ ಮುಟ್ಟುವ ಕಥೆ. ಗುರುವಿನ ಪ್ರಶ್ನೆ ಶಿಷ್ಯನ ಕೈಯಲ್ಲಿ ಬೇರೆ ಊರು, ಬೇರೆ ಬಣ್ಣ ಪಡೆದಿದೆ.

ಕೆಲಸವಿಲ್ಲದ ವರ್ಷಗಳಲ್ಲಿ ಕ್ಲೋಸ್ ಚಿತ್ರಕಥೆಯ ರಚನೆಯ ಬಗ್ಗೆ ಯೋಚಿಸಿದರು, ಬರೆದರು. 1989ರಲ್ಲಿ, ಆಡಳಿತ ಕುಸಿಯುವ ಹೊತ್ತಿನಲ್ಲಿ, ಮೋರಿಸ್ ಇಸ್ಸಾ ಜೊತೆಗೂಡಿ ‘ಬಿಜೋನ್’ ಎಂಬ ಚಿತ್ರ ನಿರ್ದೇಶಿಸಿದರು. 1993ರಲ್ಲಿ ತೀರಿಕೊಂಡರು. ಕಾದಾರ್ ಪಶ್ಚಿಮದಲ್ಲಿದ್ದುದರಿಂದ ಇಂಗ್ಲಿಷ್ ಓದುಗರಿಗೆ ಅವರ ಹೆಸರು ಹೆಚ್ಚು ಪರಿಚಿತ, ಕ್ಲೋಸ್ ಹೆಸರು ಅದರ ಬಾಲವಾಗಿ ಉಳಿದಿದೆ. ಅಕ್ಷರ ಕ್ರಮದಲ್ಲೂ ಅವರೇ ಎರಡನೆಯವರು.

ಇಲ್ಲಿರುವ ವಿದ್ಯಾರ್ಥಿಗಳಲ್ಲಿ, ಚಿತ್ರ ಸಮಾಜಗಳನ್ನು ನಡೆಸುವ ಗೆಳೆಯರಲ್ಲಿ ಒಂದು ಕೋರಿಕೆ. ‘ಪೇಟೆಬೀದಿಯ ಅಂಗಡಿ’ಯನ್ನು ತೋರಿಸುವಾಗ ಅದೊಂದನ್ನೇ ತೋರಿಸಬೇಡಿ. ಮೊದಲು ‘ರಸ್ತೆ ಹಾಡುತ್ತದೆ’ ಹಾಕಿ, ಕೆಲವು ನಿಮಿಷ ಸಾಕು. ಆಮೇಲೆ ‘ಮೂರು ವರ’. ಅದರ ಮರುದಿನ ‘ಅಂಗಡಿ’. ಪರಿಚಯದ ಹಾಳೆಯಲ್ಲಿ ನಿರ್ದೇಶಕರ ಜಾಗದಲ್ಲಿ ಎರಡು ಹೆಸರನ್ನೂ ಒಂದೇ ಅಳತೆಯ ಅಕ್ಷರದಲ್ಲಿ ಅಚ್ಚು ಹಾಕಿಸಿ.